ಒಂದು ಚಮಚ ನೀರಿನ ಲೆಕ್ಕ

ಧಾರವಾಡದಿಂದ ಓದುಗರೊಬ್ಬರು ಪತ್ರ ಬರೆದಿದ್ದಾರೆ. ಅವರ ಮಗಳ ಸಂಸಾರ ಇಂಗ್ಲೆಂಡಿನಲ್ಲಿದೆ. ಮೊಮ್ಮಗಳ ಹಠಕ್ಕೆ ಸೋತು ಮನೆಗೆ ಒಂದು ಜೊತೆ ಜರ್ಬಿಲ್ ಎಂಬ ಇಲಿಗಳನ್ನು ತಂದಿದ್ದಾರೆ. 'ಅವು ನೀರನ್ನೇ ಮುಟ್ಟುವುದಿಲ್ಲವಂತೆ. ಗೂಡಿಗೆ ಕಟ್ಟಿದ ಬಾಟಲಿ ತುಂಬಿದ್ದು ತುಂಬಿದಂತೆಯೇ ಇರುತ್ತದಂತೆ. ಮರುಭೂಮಿಯ ಪ್ರಾಣಿ, ಅದಕ್ಕೆ ನೀರು ಬೇಕಾಗಿಲ್ಲ ಎಂದು ಅಳಿಯಂದಿರ ಅಭಿಪ್ರಾಯ. ಇದು ನಿಜವೇ?' ಎಂದು ಕೇಳಿದ್ದಾರೆ.

ನಿಜವಲ್ಲ. ಈ ಪುಟ ಅಚ್ಚಾಗಿ ಧಾರವಾಡ ಮುಟ್ಟಿ ಅಲ್ಲಿಂದ ಸುದ್ದಿ ಇಂಗ್ಲೆಂಡಿಗೆ ಹೋಗುವಷ್ಟು ಹೊತ್ತು ಕಾಯುವ ವಿಷಯ ಇದಲ್ಲವಾದ್ದರಿಂದ ಪತ್ರದಲ್ಲಿದ್ದ ಸಂಖ್ಯೆಗೆ ಅಂದೇ ಫೋನು ಮಾಡಿ, ಮೊದಲು ಆ ಬಾಟಲಿಯ ಕೊಳವೆಯ ತುದಿಯನ್ನು ಬೆರಳಿನಿಂದ ಒತ್ತಿ ನೋಡಲು ಹೇಳಿ ಎಂದೆ. ಇಷ್ಟು ಅವಸರ ಏಕೆ ಎಂದು ಆ ತಾಯಿ ಆಶ್ಚರ್ಯಪಟ್ಟಿರಬೇಕು. ಅವಸರಕ್ಕೆ ಕಾರಣ ನನ್ನದೇ ಒಂದು ಹಳೆಯ ತಪ್ಪು. ಅದನ್ನು ಹೇಳಿಯೇ ಮುಂದುವರಿಯಬೇಕು.

2019ರ ಏಪ್ರಿಲ್‌ನಲ್ಲಿ, ನಮ್ಮ ಶಾಲೆಗೆ ಬೇಸಿಗೆ ರಜೆ ಬಿದ್ದ ಕೂಡಲೆ, ನಾನು ಅಕ್ಕನ ಮಗಳ ಮನೆಗೆ ಹೋಗಿದ್ದೆ. ಅವರಿರುವುದು ಲಂಡನ್ನಿನ ಪಶ್ಚಿಮಕ್ಕೆ, ರೆಡಿಂಗ್ ಎಂಬ ಊರಿನಲ್ಲಿ. ಅಲ್ಲಿಯೂ ಆಗ ಈಸ್ಟರ್ ರಜೆ. ಅಲ್ಲಿಯ ಅನೇಕ ಶಾಲೆಗಳಲ್ಲಿ ತರಗತಿಗೊಂದು ಸಾಕುಪ್ರಾಣಿ ಇರುವುದುಂಟು. ರಜೆ ಬಂದಾಗ ಅದನ್ನು ಯಾರಾದರೊಬ್ಬ ವಿದ್ಯಾರ್ಥಿಯ ಮನೆಗೆ ಕಳಿಸುತ್ತಾರೆ. ಆ ವರ್ಷ ಸರದಿ ನಮ್ಮ ಹುಡುಗನದು, ಎಂಟು ವರ್ಷದವನು. ಅವನ ತರಗತಿಯ ಎರಡು ಜರ್ಬಿಲ್‌ಗಳು, ಒಂದು ದೊಡ್ಡ ಗಾಜಿನ ತೊಟ್ಟಿ, ಒಂದು ಚೀಲ ಕಾಳಿನಂಥ ಆಹಾರ ಮತ್ತು ಸೂಚನೆಗಳನ್ನು ಬರೆದ ಒಂದು ಹಾಳೆ, ಇವಿಷ್ಟೂ ಮನೆಗೆ ಬಂದಿದ್ದವು. ದೊಡ್ಡದು ಬೂದುಬಣ್ಣದ್ದು, ಹೆಸರು ಪೆಪ್ಪರ್, ವಯಸ್ಸು ಮೂರು ದಾಟಿತ್ತು. ಇನ್ನೊಂದು ಅದರ ಮಗ, ಕಂದುಬಣ್ಣದ ಬಿಸ್ಕೆಟ್, ಒಂದೂವರೆ ವರ್ಷದ್ದು. ಮೂಗಿನಿಂದ ಬಾಲದ ಬುಡದ ತನಕ ಗೇಣಿಗಿಂತ ಚಿಕ್ಕ ಪ್ರಾಣಿಗಳು. ಬಾಲದ ತುಂಬ ಕೂದಲು, ತುದಿಯಲ್ಲಿ ಕುಚ್ಚು. ಎದುರಿಗೆ ಬಂದು ಹಿಂಗಾಲ ಮೇಲೆ ನಿಂತು, ಕೈಕಟ್ಟಿದ ಹುಡುಗರ ಹಾಗೆ ನೋಡುತ್ತಿದ್ದವು.

ಮನೆಯವರೆಲ್ಲ ನಾಲ್ಕು ದಿನಕ್ಕೆ ಸ್ಕಾಟ್ಲೆಂಡಿಗೆ ಹೊರಟರು. ನನಗೆ ಮಂಡಿನೋವು. ಇಲ್ಲೇ ಇರುತ್ತೇನೆ, ಇಲಿಗಳನ್ನು ನೋಡಿಕೊಳ್ಳುತ್ತೇನೆ ಎಂದೆ. ಕಾರು ಹತ್ತುವ ಮೊದಲು ಹುಡುಗ ಹೇಳಿದ್ದು ಒಂದೇ ಮಾತು: 'ತಾತ, ಬಾಟ್ಲಿ ನೋಡ್ತಿರು.'

ನೋಡಿದೆ. ಮೊದಲ ದಿನ ಬಾಟಲಿ ತುಂಬಿತ್ತು. ಎರಡನೆಯ ದಿನವೂ ತುಂಬಿತ್ತು. ಸೂಚನೆಯ ಹಾಳೆಯಲ್ಲಿ ಮೂರನೆಯ ಸಾಲಿನಲ್ಲಿ 'ನೀರನ್ನು ದಿನವೂ ಚೆಲ್ಲಿ ಹೊಸದಾಗಿ ತುಂಬಿ' ಎಂದು ಬರೆದಿತ್ತು. ಆದರೆ ತುಂಬಿದ ಬಾಟಲಿಯ ಶುದ್ಧ ನೀರನ್ನು ಮೋರಿಗೆ ಚೆಲ್ಲುವುದು ತುಮಕೂರು ಸೀಮೆಯಲ್ಲಿ ಹುಟ್ಟಿ, ಕೊಡಗಳ ಸಾಲಿನಲ್ಲಿ ನಿಂತು ಬೆಳೆದವನ ಕೈಗೆ ಬರುವ ಕೆಲಸವಲ್ಲ. ಅದೂ ಅಲ್ಲದೆ ನಾನು ವಿಜ್ಞಾನದ ಮೇಷ್ಟ್ರು. ಇಪ್ಪತ್ತೈದು ವರ್ಷಗಳಿಂದ ಮಕ್ಕಳಿಗೆ ಕಾಂಗರೂ ಇಲಿಯ ಪಾಠ ಹೇಳಿದವನು: 'ಮರುಭೂಮಿಯ ಈ ಪ್ರಾಣಿ ಜನ್ಮದಲ್ಲಿ ಒಂದು ಹನಿ ನೀರು ಕುಡಿಯದೆ ಬದುಕಬಲ್ಲದು.' ಇವೂ ಮರುಭೂಮಿಯವೇ. ಕುಡಿಯುತ್ತಿಲ್ಲ ಎಂದರೆ ಬೇಕಾಗಿಲ್ಲ, ಅಷ್ಟೆ. ಪಾಠ ಕಣ್ಣೆದುರೇ ನಡೆಯುತ್ತಿದೆ ಎಂದು ಸಂತೋಷವೇ ಆಯಿತು. ರಾತ್ರಿ ತೊಟ್ಟಿಯ ಕಡೆಯಿಂದ ಕಟಕಟ ಎಂದು ಲೋಹ ಕಚ್ಚುವ ಸದ್ದು ಕೇಳಿಬರುತ್ತಿತ್ತು. ಓಹೋ, ಸ್ವಲ್ಪ ಕುಡಿಯುತ್ತಲೂ ಇವೆ ಎಂದುಕೊಂಡೆ. ಸದ್ದು ಕೇಳುತ್ತಿದೆ, ನೀರು ಇಳಿಯುತ್ತಿಲ್ಲ. ಈ ಎರಡು ವೀಕ್ಷಣೆಗಳು ಒಂದಕ್ಕೊಂದು ಹೊಂದುವುದಿಲ್ಲ ಎಂದು ಹತ್ತನೆಯ ತರಗತಿಯ ಹುಡುಗ ಕೂಡ ಹೇಳಬಲ್ಲ. ನನಗೆ ಹೊಳೆಯಲಿಲ್ಲ.

ನಾಲ್ಕನೆಯ ದಿನ ಬೆಳಿಗ್ಗೆ ಪೆಪ್ಪರ್ ಮೂಲೆಯಲ್ಲಿ ಗೂನು ಬೆನ್ನು ಮಾಡಿಕೊಂಡು ಕುಳಿತಿತ್ತು. ಕಣ್ಣು ಅರ್ಧ ಮುಚ್ಚಿತ್ತು, ಮೈಕೂದಲು ನಿಗುರಿತ್ತು. ಕತ್ತಿನ ಹಿಂದಿನ ಚರ್ಮವನ್ನು ಮೆಲ್ಲಗೆ ಎತ್ತಿ ಬಿಟ್ಟೆ. ಅದು ತಕ್ಷಣ ಇಳಿಯದೆ ಡೇರೆಯ ಹಾಗೆ ನಿಂತಿತು. ಆಗ ಬಾಟಲಿಗೆ ಕೈಹಾಕಿದೆ. ಕೊಳವೆಯ ತುದಿಯಲ್ಲಿರುವ ಉಕ್ಕಿನ ಗುಂಡನ್ನು ಒತ್ತಿದರೆ ಅದು ಅಲುಗಲೇ ಇಲ್ಲ. ಸುತ್ತ ಬಿಳಿಯ ಪರೆ ಗಟ್ಟಿಯಾಗಿ ಕೂತಿತ್ತು. ಆ ಬಾಟಲಿಯಿಂದ ಎಷ್ಟು ದಿನದಿಂದ ನೀರು ಬಂದಿರಲಿಲ್ಲವೋ!

ಹಾಗಾದರೆ ಮನೆಯವರು ಇದ್ದಾಗ ಅವು ಚೆನ್ನಾಗಿದ್ದದ್ದು ಹೇಗೆ? ಆಮೇಲೆ ಗೊತ್ತಾಯಿತು. ಹುಡುಗ ದಿನಾ ಸಂಜೆ ತನ್ನ ಊಟದ ತಟ್ಟೆಯಿಂದ ಒಂದೊಂದು ಸೌತೆಕಾಯಿ ಬಿಲ್ಲೆಯನ್ನು ಅವುಗಳಿಗೆ ಹಾಕುತ್ತಿದ್ದ. ಅದು ಹಾಳೆಯಲ್ಲಿ ಬರೆದಿರಲಿಲ್ಲ. ಸೌತೆಕಾಯಿಯ ನೂರು ಪಾಲಿನಲ್ಲಿ ಸುಮಾರು ತೊಂಬತ್ತೈದು ಪಾಲು ನೀರೇ. ಬಾಟಲಿ ಕೆಟ್ಟದ್ದು ಯಾರಿಗೂ ತಿಳಿಯದಂತೆ ಸೌತೆಕಾಯಿ ಅವುಗಳನ್ನು ಕಾಪಾಡಿತ್ತು. ಹುಡುಗ ಹೋದ, ಸೌತೆಕಾಯಿ ನಿಂತಿತು. ಉಳಿದದ್ದು ಒಣ ಆಹಾರ, ಅದೂ ಪ್ರೋಟೀನು ಹೆಚ್ಚಿರುವ ಗುಳಿಗೆಗಳು, ಹೀಟರಿನ ಬಿಸಿಗೆ ಒಣಗಿದ ಕೋಣೆಯ ಗಾಳಿ, ಮತ್ತು ವಿಜ್ಞಾನದ ಮೇಷ್ಟ್ರು.

ಇನ್ನು ಆ ಕಾಂಗರೂ ಇಲಿಯ ವಿಷಯ. ಪಾಠವೇನೋ ಸುಳ್ಳಲ್ಲ. ಅದು ಅಮೆರಿಕದ ಆರಿಜೋನಾ ಮುಂತಾದ ಕಡೆಯ ಪ್ರಾಣಿ. ಕ್ನುಟ್ ಶ್ಮಿಟ್-ನೀಲ್ಸನ್ ಮತ್ತು ಬೋಡಿಲ್ ಶ್ಮಿಟ್-ನೀಲ್ಸನ್ ದಂಪತಿಗಳು 1940ರ ದಶಕದಲ್ಲಿ ಅದರ ನೀರಿನ ಜಮಾಖರ್ಚನ್ನು ಹಿಡಿದು ಕೂತು ಲೆಕ್ಕ ಹಾಕಿದರು. ಒಣ ಬಾರ್ಲಿ ತಿಂದು ಅದು ಬದುಕುವುದು ಹೇಗೆ? ಉರಿಯುವ ಮೇಣದಬತ್ತಿಯ ಮೇಲೆ ತಣ್ಣನೆಯ ಸ್ಟೀಲ್ ಲೋಟವನ್ನು ಒಂದು ಕ್ಷಣ ಬೋರಲು ಹಿಡಿಯಿರಿ. ಒಳಗೆ ಮಂಜು ಕಟ್ಟುತ್ತದೆ. ಮೇಣದಲ್ಲಿರುವ ಹೈಡ್ರೊಜನ್ನು ಗಾಳಿಯ ಆಕ್ಸಿಜನ್ನಿನ ಜೊತೆ ಸೇರಿ ನೀರಾದದ್ದು ಅದು. ದೇಹದಲ್ಲಿ ಆಹಾರ ಉರಿಯುವಾಗಲೂ ಇದೇ ಆಗುತ್ತದೆ. ನೂರು ಗ್ರಾಮ್ ಒಣ ಬಾರ್ಲಿ ದೇಹದಲ್ಲಿ ಉರಿದರೆ ಸುಮಾರು 54 ಗ್ರಾಮ್ ನೀರು ಹುಟ್ಟುತ್ತದೆ. ಕಾಳಿನಲ್ಲೇ ಹೀರಿಕೊಂಡಿದ್ದ ತೇವ ಇನ್ನು ಆರು ಗ್ರಾಮ್. ಒಟ್ಟು ಜಮಾ 60. ಖರ್ಚು ನೋಡಿ: ಉಸಿರು ಮತ್ತು ಚರ್ಮದಿಂದ ಸುಮಾರು 44, ಮೂತ್ರಕ್ಕೆ 13ರಿಂದ 14, ಹಿಕ್ಕೆಗೆ ಮೂರಕ್ಕಿಂತ ಕಡಿಮೆ. ಲೆಕ್ಕ ಸರಿಹೋಯಿತು. ಸುಮಾರು ಒಂದು ತಿಂಗಳ ಜೀವನ ಆ ನೂರು ಗ್ರಾಮಿನಲ್ಲಿ ನಡೆಯುತ್ತದೆ.

ಈ ಲೆಕ್ಕ ಸರಿಹೋಗಲು ಪ್ರಾಣಿ ಪಡುವ ಪಾಡು ಸಣ್ಣದಲ್ಲ. ಅದರ ಮೂಗಿನ ಒಳಗೋಡೆ ಮೈಗಿಂತ ತಣ್ಣಗಿರುತ್ತದೆ. ಬಿಡುವ ಉಸಿರಿನ ಆವಿ ಅಲ್ಲೇ ತಣಿದು ಹನಿಯಾಗಿ ಒಳಗೆ ಉಳಿಯುತ್ತದೆ. ಮೂತ್ರಪಿಂಡದಲ್ಲಿ, ನಾವು ಪಾಠದಲ್ಲಿ ಹೆನ್ಲೆಯ ಕುಣಿಕೆ ಎಂದು ಚಿತ್ರ ಬರೆಸುತ್ತೇವಲ್ಲ, ಅದು ಬಲು ಉದ್ದ. ಹಾಗಾಗಿ ಅದರ ಮೂತ್ರ ನಮ್ಮದಕ್ಕಿಂತ ನಾಲ್ಕು ಪಟ್ಟಿನಷ್ಟು ಗಾಢವಾಗಬಲ್ಲದು. ಹಗಲೆಲ್ಲ ಬಿಲದ ತಂಪಿನಲ್ಲಿ ಇರುತ್ತದೆ. ಇಷ್ಟಾದರೂ ಗಾಳಿ ತೀರ ಒಣಗಿದರೆ ಲೆಕ್ಕ ತಪ್ಪುತ್ತದೆ. ಇನ್ನೊಂದು ಮುಖ್ಯ ಸಂಗತಿಯನ್ನು ನಾನು ಪಾಠದಲ್ಲಿ ಎಂದೂ ಹೇಳಿರಲಿಲ್ಲ. ಅದೇ ಇಲಿಗಳಿಗೆ ಬಾರ್ಲಿಯ ಬದಲು ಸೋಯಾ ಅವರೆ ಕೊಟ್ಟು ನೋಡಿದರು. ಸೋಯಾದಲ್ಲಿ ಪ್ರೋಟೀನು ಜಾಸ್ತಿ. ಪ್ರೋಟೀನು ಉರಿದರೆ ಯೂರಿಯಾ ಹುಟ್ಟುತ್ತದೆ. ಯೂರಿಯಾವನ್ನು ಹೊರಹಾಕಲು ನೀರು ಬೇಕೇ ಬೇಕು. ನೀರಿಲ್ಲದೆ ಆ ಮಹಾ ತಪಸ್ವಿಯೂ ಸೊರಗಿತು. ಸಮುದ್ರದ ನೀರನ್ನು ಇಟ್ಟಾಗ ಅದನ್ನೇ ಕುಡಿದು ಜೀವ ಉಳಿಸಿಕೊಂಡಿತು. ಎಂದರೆ, ನೀರು ಬೇಕೋ ಬೇಡವೋ ಎಂಬುದು ಪ್ರಾಣಿಯೊಂದರ ಗುಣ ಮಾತ್ರವಲ್ಲ, ಅದಕ್ಕೆ ನಾವು ಏನು ತಿನ್ನಿಸುತ್ತೇವೆ, ಎಂಥ ಗಾಳಿಯಲ್ಲಿ ಇಟ್ಟಿದ್ದೇವೆ ಎಂಬುದರ ಮೇಲೆ ನಿಂತ ಮಾತು.

ನಮ್ಮ ಜರ್ಬಿಲ್ಲಾದರೋ ಕಾಂಗರೂ ಇಲಿಯೇ ಅಲ್ಲ. ಅದರ ಕುಲ ಬೇರೆ, ಖಂಡ ಬೇರೆ. ಮನೆಗಳಲ್ಲಿ ಸಾಕುವುದು ಮಂಗೋಲಿಯದ ಜರ್ಬಿಲ್. ಫ್ರಾನ್ಸಿನ ಪಾದ್ರಿ ಅರ್ಮಾಂಡ್ ಡೇವಿಡ್ 1866ರಲ್ಲಿ ಉತ್ತರ ಚೀನಾದ ಕಡೆಯಿಂದ ಅದರ ಮಾದರಿಗಳನ್ನು ಪ್ಯಾರಿಸ್ಸಿಗೆ ಕಳಿಸಿದರು. ಮೂರು ವರ್ಷದ ನಂತರ ದೈತ್ಯ ಪಾಂಡಾವನ್ನು ಯುರೋಪಿನ ವಿಜ್ಞಾನಕ್ಕೆ ಪರಿಚಯಿಸಿದವರೂ ಇವರೇ. 1935ರಲ್ಲಿ ಅಮೂರ್ ನದಿಯ ಪ್ರದೇಶದಲ್ಲಿ ಹಿಡಿದ 20 ಜೊತೆಗಳನ್ನು ಜಪಾನಿನ ಪ್ರಯೋಗಾಲಯಗಳಲ್ಲಿ ಬೆಳೆಸಿದರು. ಅಲ್ಲಿಂದ 1954ರಲ್ಲಿ 11 ಜೊತೆಗಳು ಅಮೆರಿಕಕ್ಕೆ ಹೋದವು. ಮುಂದಿನ ದಶಕದಲ್ಲಿ ಪ್ರಯೋಗಾಲಯದ ಬಾಗಿಲು ದಾಟಿ ಮಕ್ಕಳ ಕೋಣೆಗೆ ಬಂದವು. ಇವು ಅಷ್ಟು ಬೇಗ ಮನೆಮಾತಾಗಲು ಒಂದು ಕಾರಣ ನಮ್ಮ ಇಂದಿನ ವಿಷಯವೇ: ಇವು ಮೂತ್ರ ಮಾಡುವುದು ಕೆಲವೇ ಹನಿ, ಹಿಕ್ಕೆ ಒಣ ಕಾಳಿನಂತೆ, ಗೂಡು ನಾರುವುದಿಲ್ಲ. (ಆದರೆ ಕ್ಯಾಲಿಫೋರ್ನಿಯಾದವರು ಇವನ್ನು ಸಾಕುವುದನ್ನು ನಿಷೇಧಿಸಿದ್ದಾರೆ. ತಪ್ಪಿಸಿಕೊಂಡರೆ ತಮ್ಮ ಒಣನೆಲದಲ್ಲಿ ಸುಖವಾಗಿ ನೆಲೆಸಿಬಿಟ್ಟಾವು ಎಂಬ ಭಯ.)

ಮಂಗೋಲಿಯ ಎಂದ ಕೂಡಲೆ ಮರಳು ದಿಬ್ಬವನ್ನು ನೆನೆಯಬೇಡಿ. ಇವುಗಳ ನೆಲೆ ಹೆಚ್ಚಾಗಿ ಕುರುಚಲು ಹುಲ್ಲಿನ ಬಯಲು. ಹುಲ್ಲಿನ ಎಳೆ, ಬೇರು, ಬೀಜ ತಿನ್ನುತ್ತವೆ. ಬಿಲದೊಳಗಿನ ಗಾಳಿಯಲ್ಲಿ ತೇವವಿರುತ್ತದೆ, ಅಲ್ಲಿ ಕೂಡಿಟ್ಟ ಬೀಜ ಆ ತೇವವನ್ನು ಹೀರಿಕೊಳ್ಳುತ್ತದೆ. ಇದೇ ಮೆರಿಯೋನಿಸ್ ಕುಲದ ಇನ್ನೊಂದು ಜರ್ಬಿಲ್ ನಮ್ಮ ಥಾರ್ ಮರುಭೂಮಿಯಲ್ಲಿದೆ. ಜೋಧಪುರದ ಕೇಂದ್ರೀಯ ಶುಷ್ಕ ವಲಯ ಸಂಶೋಧನಾ ಸಂಸ್ಥೆಯಲ್ಲಿ ಈಶ್ವರ ಪ್ರಕಾಶ್ ಮತ್ತು ಅವರ ಜೊತೆಗಾರರು ವರ್ಷಾನುಗಟ್ಟಲೆ ಮರುಭೂಮಿಯ ಇಲಿಗಳ ಬೆನ್ನು ಬಿದ್ದು ಅಭ್ಯಾಸ ಮಾಡಿದರು. ಥಾರಿನ ಜರ್ಬಿಲ್ ಕೂಡ ಋತುವಿಗೆ ತಕ್ಕಂತೆ ಬೀಜ, ಹುಲ್ಲು, ಬೇರು, ಹುಳುಹುಪ್ಪಟೆ ಎಂದು ಆಹಾರ ಬದಲಿಸುತ್ತದೆ. ನಮ್ಮ ಬಯಲುಸೀಮೆಯ ಹೊಲಗಳಲ್ಲಿ ಬಾಲದ ತುದಿಗೆ ಕಪ್ಪು ಕುಚ್ಚಿರುವ, ಕುಪ್ಪಳಿಸಿ ಓಡುವ ಇಲಿಯನ್ನು ರೈತರು ಬಲ್ಲರು. ಅದೂ ಜರ್ಬಿಲ್ಲೇ, ಇನ್ನೊಂದು ಜಾತಿಯದು. ಕಾಡಿನಲ್ಲೋ ಹೊಲದಲ್ಲೋ ಇರುವಾಗ ಇವಕ್ಕೆ ನೂರು ದಾರಿ. ಗಾಜಿನ ತೊಟ್ಟಿಯಲ್ಲಿ ಒಂದೇ ದಾರಿ, ಆ ಬಾಟಲಿಯ ಕೊಳವೆ.

ಹಾಗಾದರೆ ಸಾಕಿದ ಜರ್ಬಿಲ್ ದಿನಕ್ಕೆ ಎಷ್ಟು ಕುಡಿಯುತ್ತದೆ? ಒಣ ಆಹಾರ ತಿನ್ನುವ, 70 ಗ್ರಾಮ್ ತೂಗುವ ಒಂದು ಜರ್ಬಿಲ್ ಹೆಚ್ಚುಕಡಿಮೆ ನಾಲ್ಕರಿಂದ ಐದು ಮಿಲಿಲೀಟರು. ಒಂದು ಟೀ ಚಮಚದಷ್ಟು. ಇಷ್ಟೇನೇ ಎಂದು ತಾತ್ಸಾರ ಮಾಡುವ ಮುನ್ನ ಸ್ವಲ್ಪ ಭಾಗಾಕಾರ ಮಾಡೋಣ. 70 ಗ್ರಾಮಿಗೆ ಐದು ಮಿಲಿಲೀಟರಾದರೆ ಒಂದು ಕಿಲೋಗೆ 70 ಮಿಲಿಲೀಟರಿಗೂ ಹೆಚ್ಚು. ಅದೇ ಪ್ರಮಾಣದಲ್ಲಿ 60 ಕಿಲೋ ತೂಗುವ ನೀವು ದಿನಕ್ಕೆ ನಾಲ್ಕು ಲೀಟರು ದಾಟಿ ಕುಡಿಯಬೇಕಾಗುತ್ತದೆ! ಮೈತೂಕದ ಲೆಕ್ಕದಲ್ಲಿ ಈ 'ನೀರು ಬೇಡದ' ಪ್ರಾಣಿ ನಮಗಿಂತ ಹೆಚ್ಚು ಕುಡಿಯುತ್ತದೆ. ಕಾರಣ ಅಡಿಗೆಮನೆಯಲ್ಲೇ ಇದೆ. ದೊಡ್ಡ ಮುದ್ದೆಗಿಂತ ಗೋಲಿಯಷ್ಟು ಮುದ್ದೆ ಬೇಗ ಆರುತ್ತದೆ ತಾನೆ? ಸಣ್ಣ ಮೈಗೆ ತೂಕದ ಲೆಕ್ಕದಲ್ಲಿ ಹೊರಮೈ ಜಾಸ್ತಿ. ಅದು ಬಿಸಿಯಾಗಿ ಉಳಿಯಲು ಒಲೆ ಜೋರಾಗಿ ಉರಿಯಬೇಕು, ಉಸಿರು ವೇಗವಾಗಿ ಆಡಬೇಕು. ನೀರಿನ ಖರ್ಚೂ ಅದೇ ವೇಗದಲ್ಲಿ. ಮೇಲಾಗಿ ಕೂಡಿಟ್ಟ ಗಂಟೂ ಸಣ್ಣದು. ಮರಿಗೆ ಹಾಲೂಡುವ ತಾಯಿ ಇದಕ್ಕಿಂತ ಎಷ್ಟೋ ಹೆಚ್ಚು ಕುಡಿಯುತ್ತದೆ. ಮರಿಗಳು ಮೂರು ವಾರದ ಹೊತ್ತಿಗೆ ಕಾಳು ಕಡಿಯಲು, ನೀರು ಹುಡುಕಲು ತೊಡಗುತ್ತವೆ. ಕೊಳವೆಯ ತುದಿ ಅವುಗಳ ಬಾಯಿಗೆ ಎಟುಕುವಷ್ಟು ಕೆಳಗಿರಬೇಕು. ತಾಯಿಗೆ ಎಟುಕಿದರೆ ಸಾಕೆಂದು ಬಿಟ್ಟರೆ ಮರಿಗಳು ಒಂದೊಂದೇ ಒಣಗುತ್ತವೆ.

ಬಾಟಲಿಯ ಕೆಲಸ ಹೇಗೆ ಎಂಬುದು ತಿಳಿದರೆ ಅದು ಕೆಡುವುದು ಹೇಗೆ ಎಂದೂ ತಿಳಿಯುತ್ತದೆ. ತುಂಬಿದ ಲೋಟದ ಮೇಲೆ ಪೋಸ್ಟ್ ಕಾರ್ಡ್ ಇಟ್ಟು ಬೋರಲು ಮಾಡಿದರೆ ನೀರು ಬೀಳದ ಪ್ರಯೋಗವನ್ನು ಎಲ್ಲರೂ ಶಾಲೆಯಲ್ಲಿ ನೋಡಿದ್ದೀರಿ. ಇಲ್ಲಿಯೂ ನೀರನ್ನು ತಡೆದು ನಿಲ್ಲಿಸಿರುವುದು ಹೊರಗಿನ ಗಾಳಿಯ ಒತ್ತಡ. ಕೊಳವೆಯ ತುದಿಯಲ್ಲಿ ಒಂದು ಸಡಿಲವಾದ ಗುಂಡು. ಇಲಿ ಅದನ್ನು ನಾಲಿಗೆಯಿಂದ ಸರಿಸಿದಾಗ ಒಂದು ಹನಿ ಹೊರಬರುತ್ತದೆ, ಬದಲಿಗೆ ಗಾಳಿಯ ಗುಳ್ಳೆ ಮೇಲೇರುತ್ತದೆ. ಗುಳ್ಳೆ ಏರದಿದ್ದರೆ ಹನಿ ಇಳಿಯುವುದಿಲ್ಲ. ಗುಂಡಿಗೆ ಸುಣ್ಣದ ಪರೆ ಕಟ್ಟಿದರೂ ಅಷ್ಟೆ, ಕೊಳವೆಯಲ್ಲಿ ಗಾಳಿ ಸಿಕ್ಕಿಕೊಂಡರೂ ಅಷ್ಟೆ. ರೆಡಿಂಗಿನ ನೀರು ಬಲು ಗಡಸು. ಮನೆಮನೆಯ ಕೆಟಲ್ಲಿನ ತಳದಲ್ಲಿ ಬಿಳಿಯ ಹೆಪ್ಪಳೆ. ನಮ್ಮ ಬೋರ್‌ವೆಲ್ ನೀರಿನ ಊರುಗಳವರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ವಾರಕ್ಕೊಮ್ಮೆ ಕೊಳವೆಯನ್ನು ವಿನೆಗರ್ ಅಥವಾ ನಿಂಬೆರಸ ಬೆರೆಸಿದ ನೀರಿನಲ್ಲಿ ನೆನೆಹಾಕಿ, ಚೆನ್ನಾಗಿ ತೊಳೆದರೆ ಪರೆ ಬಿಡುತ್ತದೆ. ಬಾಟಲಿಯ ಒಳಗೆ ಹಸಿರು ಪಾಚಿ ಕಟ್ಟಿದರೆ ಸಣ್ಣ ಬ್ರಷ್ಷಿನಿಂದ ಉಜ್ಜಬೇಕು.

ಇದಕ್ಕೆ ವಿರುದ್ಧವಾದ ಕೇಡೂ ಉಂಟು, ಬಾಟಲಿ ರಾತ್ರೋರಾತ್ರಿ ಬರಿದಾಗುವುದು. ಬಾಟಲಿಯನ್ನು ಬಿಸಿಲಿನಲ್ಲೋ ಹೀಟರಿನ ಪಕ್ಕದಲ್ಲೋ ಕಟ್ಟಿದರೆ ಮೇಲುಭಾಗದ ಗಾಳಿ ಕಾದು ಹಿಗ್ಗುತ್ತದೆ, ನೀರನ್ನು ಕೆಳಕ್ಕೆ ತಳ್ಳುತ್ತದೆ, ತೊಟ್ಟಿಕ್ಕಲು ಶುರು. ಅರ್ಧ ಖಾಲಿಯಾದ ಬಾಟಲಿಯಲ್ಲಿ ಗಾಳಿ ಹೆಚ್ಚಿರುವುದರಿಂದ ಸೋರಿಕೆಯೂ ಹೆಚ್ಚು. ಇನ್ನೊಂದು, ಜರ್ಬಿಲ್ ಹುಟ್ಟಾ ತೋಡುವ ಪ್ರಾಣಿ. ಕಾಗದದ ಚೂರು, ಮರದ ಹೊಟ್ಟುಗಳನ್ನು ಕೆದರಿ ಕೆದರಿ ಕೊಳವೆಯ ತುದಿಯವರೆಗೆ ಗುಡ್ಡೆ ಹಾಕುತ್ತದೆ. ಹಾಸು ತುದಿಗೆ ತಾಗಿದರೆ ಸಾಕು, ದೀಪದ ಬತ್ತಿ ಎಣ್ಣೆ ಹೀರಿದ ಹಾಗೆ ನೀರನ್ನೆಲ್ಲ ಹೀರಿಬಿಡುತ್ತದೆ. ಆಗ ಬಾಯಾರಿಕೆಯ ಜೊತೆಗೆ ತೇವದ ಕಾಟ. ತೇವ ಹೆಚ್ಚಿದರೆ ಇವುಗಳ ತುಪ್ಪಳ ಅಂಟಂಟಾಗಿ ನಿಗುರುತ್ತದೆ, ಮೂಗಿನ ಸುತ್ತ ಕೂದಲುದುರಿ ಹುಣ್ಣಾಗುತ್ತದೆ. ಕಣ್ಣಿನ ಹಿಂದಿನ ಗ್ರಂಥಿಯಿಂದ ಬರುವ ಕೆಂಪು ದ್ರವ ಮೂಗಿನ ಬಳಿ ಒಣಗಿರುವುದನ್ನು ಕಂಡು ರಕ್ತವೆಂದು ಗಾಬರಿಯಾಗುವವರೂ ಇದ್ದಾರೆ. ಆದ್ದರಿಂದ ತುದಿ ಹಾಸಿನಿಂದ ಎರಡು ಮೂರು ಬೆರಳು ಮೇಲಿರಲಿ. ಬೋಗುಣಿಯಲ್ಲಿ ನೀರಿಟ್ಟರಾಗದೇ? ಇಡಬಹುದು, ಆದರೆ ಅರ್ಧ ಗಂಟೆಯಲ್ಲಿ ಅದರಲ್ಲಿ ಹಾಸೇ ತುಂಬಿರುತ್ತದೆ. ಪ್ಲಾಸ್ಟಿಕ್ ಬಾಟಲಿ ಒಳಗಿದ್ದರೆ ಕಡಿದು ತೂತು ಮಾಡುತ್ತವೆ. ಲೋಹದ ಕೊಳವೆ ಇರಲಿ, ಬಾಟಲಿ ಗೂಡಿನ ಹೊರಗಿರಲಿ, ಇಲ್ಲವೆ ಗಾಜಿನದಾಗಿರಲಿ. ಅನುಕೂಲವಿದ್ದವರು ಎರಡು ಬಾಟಲಿ ಕಟ್ಟಲಿ.

ಸೌತೆಕಾಯಿ ಪೆಪ್ಪರನ್ನೂ ಬಿಸ್ಕೆಟನ್ನೂ ಕಾಪಾಡಿತೆಂದು ದಿನವೂ ಸೊಪ್ಪುಸದೆ ಸುರಿಯಬಾರದು. ಹೆಚ್ಚಾದರೆ ಭೇದಿ ಹತ್ತುತ್ತದೆ, ಭೇದಿ ಹತ್ತಿದರೆ ಮೈಯ ನೀರು ಇನ್ನೂ ಬೇಗ ಬತ್ತುತ್ತದೆ. ಹೆಬ್ಬೆರಳ ಉಗುರಿನಷ್ಟು ತುಂಡು, ಅದೂ ಬಾಟಲಿಯ ಜೊತೆಗೆ, ಬದಲಿಗಲ್ಲ. ಪ್ರಯಾಣದಲ್ಲಿ ಮಾತ್ರ ತುಂಡೇ ವಾಸಿ. ಓಡುವ ಕಾರಿನ ಕುಲುಕಿಗೆ ಬಾಟಲಿ ಸೋರಿ ಗೂಡೆಲ್ಲ ಒದ್ದೆಯಾಗುತ್ತದೆ. ತಲುಪಿದ ಕೂಡಲೆ ಬಾಟಲಿ ಕಟ್ಟಬೇಕು.

ನೀರು ಸಾಲದೆಂದು ತಿಳಿಯುವುದು ಹೇಗೆ? ನಾಯಿಯಾದರೆ ನಾಲಿಗೆ ಚಾಚುತ್ತದೆ, ಹಸುವಾದರೆ ಕೂಗುತ್ತದೆ. ಇಲಿ ಹೇಳುವುದಿಲ್ಲ. ಹದ್ದು, ನರಿಗಳಿಗೆ ಆಹಾರವಾಗುವ ಪ್ರಾಣಿ ತನ್ನ ನಿತ್ರಾಣವನ್ನು ಕಡೆಯ ಗಳಿಗೆಯ ತನಕ ಮುಚ್ಚಿಡುತ್ತದೆ. ಹಿಕ್ಕೆ ಒಣಗಿರುವುದು ಗುರುತಲ್ಲ, ಅದು ಯಾವಾಗಲೂ ಒಣಗಿಯೇ ಇರುತ್ತದೆ. ನೀರು ಸಿಗದ ಇಲಿ ಮೊದಲು ತಿನ್ನುವುದನ್ನು ಬಿಡುತ್ತದೆ, ಹಾಗಾಗಿ ತೂಕ ಇಳಿಯುತ್ತದೆ. ಅಡಿಗೆಮನೆಯ ಸಣ್ಣ ತಕ್ಕಡಿಯ ಮೇಲೆ ಬಟ್ಟಲಿಟ್ಟು ವಾರಕ್ಕೊಮ್ಮೆ ತೂಗಿ ಬರೆದಿಡಬಹುದು. 70 ಗ್ರಾಮಿನಲ್ಲಿ ಏಳು ಗ್ರಾಮ್ ಇಳಿದರೆ ಹತ್ತನೆಯ ಒಂದು ಪಾಲು ಹೋಯಿತೆಂದೇ ಅರ್ಥ. ಹಾಗೆ ಎತ್ತುವಾಗ ಬಾಲ ಹಿಡಿಯಬೇಡಿ, ಚರ್ಮ ಸುಲಿದು ಕೈಗೆ ಬರುತ್ತದೆ. ಎರಡೂ ಅಂಗೈ ಬೊಗಸೆ ಮಾಡಿ ಎತ್ತಬೇಕು. ಕಣ್ಣು ಗುಳಿಬಿದ್ದು, ಚರ್ಮ ಎತ್ತಿದರೆ ನಿಲ್ಲುವ ಹೊತ್ತಿಗೆ ಪಶುವೈದ್ಯರ ಬಳಿ ಹೋಗಬೇಕಾದ ಕಾಲ ಬಂದಿರುತ್ತದೆ. ಅವರು ಚರ್ಮದ ಕೆಳಗೆ ದ್ರವವನ್ನು ಚುಚ್ಚಿ ಕೊಡುತ್ತಾರೆ. ಅಲ್ಲಿಯವರೆಗೆ ಬೆಚ್ಚಗಿಟ್ಟು, ಉಗುರುಬೆಚ್ಚನೆಯ ನೀರನ್ನು ಬಾಯಿಯ ಪಕ್ಕದಲ್ಲಿ ಹನಿಹನಿಯಾಗಿ ಇಟ್ಟು ಅದೇ ನೆಕ್ಕುವಂತೆ ಮಾಡಬೇಕು. ಬಾಯೊಳಗೆ ಒತ್ತಿ ಸುರಿದರೆ ಶ್ವಾಸಕೋಶಕ್ಕೆ ಇಳಿಯುತ್ತದೆ.

ನಾನು ಮಾಡಿದ್ದೂ ಅದನ್ನೇ, ಮಗುವಿನ ಔಷಧದ ಡ್ರಾಪರ್ ಹುಡುಕಿ ತಂದು. ಬಿಸ್ಕೆಟ್ ಡ್ರಾಪರಿನ ತುದಿಯನ್ನು ಎರಡೂ ಕೈಯಿಂದ ಹಿಡಿದುಕೊಂಡು ನೆಕ್ಕಿತು. ಬಿಡಿಸಿಕೊಳ್ಳಲು ನೋಡಿದರೆ ಬಿಡಲಿಲ್ಲ. ಪೆಪ್ಪರ್ ನಾಲ್ಕೈದು ಹನಿ ನೆಕ್ಕಿ ತಲೆ ತಿರುಗಿಸಿತು. ಪಶುವೈದ್ಯರಿಗೆ ಫೋನು ಮಾಡಿ, ವಿಳಾಸ ಬರೆದುಕೊಂಡು, ಟ್ಯಾಕ್ಸಿಗೆ ಕಾಯುತ್ತಿದ್ದ ಹೊತ್ತಿನಲ್ಲಿ ಅದು ನನ್ನ ಅಂಗೈಯಲ್ಲೇ ಹೋಯಿತು. ಮತ್ತೆ ಫೋನು ಮಾಡಿ ತಿಳಿಸಿದಾಗ ಆ ವೈದ್ಯರು, ಮೂರು ವರ್ಷ ದಾಟಿದ ಜರ್ಬಿಲ್ ಮುದುಕನೇ, ವಯಸ್ಸೂ ಕಾರಣವಿರಬಹುದು ಎಂದು ಸಮಾಧಾನ ಹೇಳಿದರು. ಇರಬಹುದು.

ಸಂಜೆ ಎಲ್ಲರೂ ಬಂದರು. ಹುಡುಗ ಬೂಟು ಬಿಚ್ಚದೆ ನೇರ ತೊಟ್ಟಿಯ ಬಳಿ ಹೋದ. ಹೇಳಿದೆ. ಅವನು ಅಳಲಿಲ್ಲ. ಬಹಳ ಹೊತ್ತಿನ ಮೇಲೆ, 'ಬಾಟ್ಲಿ ನೋಡಿದ್ಯಾ ತಾತ?' ಎಂದ.

'ನೋಡಿದೆ. ತುಂಬಿತ್ತು' ಎಂದೆ.

ತುಂಬಿತ್ತು ಎಂಬ ಆ ಮಾತು ನನ್ನ ಬಾಯಿಂದಲೇ ಬಂದಾಗ ಅದರ ಅರ್ಥ ನನಗೆ ಪೂರ್ತಿ ತಿಳಿಯಿತು. ಎರಡು ಇಲಿ, ದಿನಕ್ಕೆ ಎರಡು ಚಮಚ, ನಾಲ್ಕು ದಿನಕ್ಕೆ ಎಂಟು ಚಮಚ ಇಳಿಯಬೇಕಿದ್ದ ನೀರು. ತುಂಬಿದ ಬಾಟಲಿಯನ್ನು ನೋಡಿ ನೆಮ್ಮದಿಪಟ್ಟುಕೊಂಡ ನಾನು ನಾಲ್ಕು ದಿನವೂ ನೋಡುತ್ತಿದ್ದದ್ದು ಅವು ಕುಡಿದಿಲ್ಲ ಎಂಬುದಕ್ಕೆ ಸಾಕ್ಷಿಯನ್ನೇ. ಮಾರನೆಯ ದಿನ ಹುಡುಗನೂ ನಾನೂ ಕೂತು ಹೊಸ ಬಾಟಲಿಯ ಮೇಲೆ ಕಾಗದದ ಪಟ್ಟಿ ಅಂಟಿಸಿ, ಡ್ರಾಪರಿನಿಂದ ಅಳೆದು ಐದೈದು ಮಿಲಿಲೀಟರಿಗೆ ಒಂದೊಂದು ಗೆರೆ ಹಾಕಿದೆವು. ಅವನ ತರಗತಿಯ ಟೀಚರಿಗೆ ನಾನೇ ಪತ್ರ ಬರೆದೆ, ನಡೆದದ್ದನ್ನು ನಡೆದ ಹಾಗೆ. ಜೂನ್‌ನಲ್ಲಿ ಶಾಲೆ ತೆರೆದ ಮೇಲೆ ಕಾಂಗರೂ ಇಲಿಯ ಪಾಠ ಬಂದಾಗ ಸೋಯಾ ಅವರೆಯ ಪ್ರಯೋಗವನ್ನೂ ಸೇರಿಸಿ ಹೇಳಿದೆ. ಹಿಂದೆ ಒಬ್ಬಳು ಹುಡುಗಿ 'ನೀರು ಇಟ್ರೆ ಕುಡಿಯುತ್ತಾ ಸಾರ್?' ಎಂದು ಕೇಳಿದ್ದಳು. ಅಧಿಕಪ್ರಸಂಗ ಎಂದು ಕೂರಿಸಿದ್ದೆ. ಅವಳು ಈಗ ಎಲ್ಲಿದ್ದಾಳೋ.

ಬಿಸ್ಕೆಟ್ ಉಳಿದುಕೊಂಡಿತು. ಜೊತೆಯಿಲ್ಲದ ಜರ್ಬಿಲ್ ಕೊರಗುತ್ತದೆ, ಹೊಸಬರನ್ನು ತಂದು ಬಿಟ್ಟರೆ ಕಚ್ಚಾಡಿ ಸಾಯುವುದೂ ಉಂಟು. ನಡುವೆ ಜಾಲರಿ ಹಾಕಿ, ವಾರಗಟ್ಟಲೆ ವಾಸನೆ ಹೊಂದಿಸಿ, ಆ ಟೀಚರು ಅದಕ್ಕೊಂದು ಮರಿಯನ್ನು ಜೊತೆಮಾಡಿದರಂತೆ. 2020ರ ಮಾರ್ಚ್‌ನಲ್ಲಿ ಕೊರೋನಾ ಬಂದು ಅಲ್ಲಿಯ ಶಾಲೆಗಳೆಲ್ಲ ಮುಚ್ಚಿದಾಗ ಎರಡನ್ನೂ ಯಾರ ಮನೆಗೆ ಕಳಿಸುವುದೆಂಬ ಪ್ರಶ್ನೆ ಎದ್ದಿತು. ನಮ್ಮ ಹುಡುಗ ಕೈಯೆತ್ತಿದನಂತೆ. ಆ ವರ್ಷವೆಲ್ಲ ಭಾನುವಾರದ ಫೋನಿನಲ್ಲಿ ಅವನು ಮೊದಲು ಮುಖ ತೋರಿಸುತ್ತಿರಲಿಲ್ಲ. ಕ್ಯಾಮೆರಾಕ್ಕೆ ಬಾಟಲಿಯನ್ನು ಹಿಡಿಯುತ್ತಿದ್ದ. ನಾನು ಕನ್ನಡಕ ಸರಿಮಾಡಿಕೊಂಡು ಗೆರೆ ಎಣಿಸುತ್ತಿದ್ದೆ.